ಬೆಲ್ಜಿಯಂ ಚುನಾವಣೆ: ಭಾಷೆಗೊಂದು ಪಕ್ಷವಾದರೆ ಸರ್ಕಾರ ಹೇಗೆ?

ಪ್ರಶ್ನೆ (ಕಾರವಾರದಿಂದ):
ನಮ್ಮ ಉತ್ತರ ಕನ್ನಡ ಲೋಕಸಭಾ ಕ್ಷೇತ್ರದಲ್ಲಿ ಕಾರವಾರದ ಕೊಂಕಣಿ ಮನೆಮಾತಿನವರು, ಖಾನಾಪುರದ ಮರಾಠಿ ಭಾಷಿಕರು, ಶಿರಸಿಯ ಕನ್ನಡಿಗರು ಎಲ್ಲರೂ ಮತಯಂತ್ರದಲ್ಲಿ ಕಾಣುವುದು ಅವೇ ಅಭ್ಯರ್ಥಿಗಳ ಹೆಸರುಗಳನ್ನು. ಬೆಲ್ಜಿಯಂನಲ್ಲಿ ಡಚ್ ಮತ್ತು ಫ್ರೆಂಚ್ ಭಾಷಿಕರಿಗೆ ಬೇರೆ ಬೇರೆ ಪಕ್ಷಗಳೇ ಇವೆಯಂತೆ. ಹಾಗಿದ್ದರೆ ಅಲ್ಲಿ ಸರ್ಕಾರ ರಚನೆಯಾಗುವುದು ಹೇಗೆ? ತಿಳಿದವರು ದಯವಿಟ್ಟು ವಿವರಿಸಬೇಕು.

ಉತ್ತರ (ಶಿರಸಿಯಿಂದ):
ಕೆಳಮನೆಯ 150 ಸ್ಥಾನಗಳು 11 ಕ್ಷೇತ್ರಗಳಿಗೆ ಹಂಚಿಕೆಯಾಗಿದ್ದು, ಮತಪ್ರಮಾಣಕ್ಕೆ ತಕ್ಕಂತೆ ಪಕ್ಷಗಳಿಗೆ ಸ್ಥಾನ ದೊರೆಯುತ್ತದೆ. ಉತ್ತರದ ಫ್ಲಾಂಡರ್ಸ್‌ನಲ್ಲಿ ಬಹುತೇಕ ಡಚ್ ಪಕ್ಷಗಳು, ದಕ್ಷಿಣದ ವಲೋನಿಯಾದಲ್ಲಿ ಫ್ರೆಂಚ್ ಪಕ್ಷಗಳು ಕಣದಲ್ಲಿರುತ್ತವೆ. ಎರಡೂ ಕಡೆಯವರು ನೇರವಾಗಿ ಎದುರಾಗುವುದು ಮುಖ್ಯವಾಗಿ ಎರಡೂ ಭಾಷೆಗಳ ರಾಜಧಾನಿ ಬ್ರಸೆಲ್ಸ್‌ನಲ್ಲಿ. ಪ್ರಧಾನಿಯನ್ನು ಬಿಟ್ಟರೆ ಸಚಿವ ಸಂಪುಟದಲ್ಲಿ ಎರಡೂ ಭಾಷಿಕರ ಸಂಖ್ಯೆ ಸಮವಾಗಿರಬೇಕೆಂದು ಸಂವಿಧಾನವೇ ವಿಧಿಸಿರುವುದರಿಂದ ಮೈತ್ರಿ ಅನಿವಾರ್ಯ. 2010ರ ಜೂನ್ ಚುನಾವಣೆಯ ನಂತರ ಸರ್ಕಾರ ರಚನೆಗೆ 541 ದಿನ ಹಿಡಿಯಿತು.

ಉತ್ತರ (ಕುಮಟಾದಿಂದ):
ಆ ವಿಳಂಬದ ಹಿಂದೆ ಬ್ರಸೆಲ್ಸ್-ಹಾಲೆ-ವಿಲ್ವೋರ್ಡೆ ಕ್ಷೇತ್ರದ ವಿವಾದವೂ ಇತ್ತು. ಫ್ಲಾಂಡರ್ಸ್‌ನ ಹಾಲೆ-ವಿಲ್ವೋರ್ಡೆಯಲ್ಲಿದ್ದ ಫ್ರೆಂಚ್ ಭಾಷಿಕರು ಬ್ರಸೆಲ್ಸ್‌ನ ಅಭ್ಯರ್ಥಿಗಳಿಗೆ ಮತ ನೀಡಬಹುದಿತ್ತು. 2012ರಲ್ಲಿ ಕ್ಷೇತ್ರವನ್ನು ವಿಭಜಿಸಿದಾಗ ಆರು ಪುರಸಭೆಗಳ ಮತದಾರರಿಗೆ ಮಾತ್ರ ಆ ಹಕ್ಕು ಉಳಿಯಿತು. ನನಗೆ ಆತಂಕ ಹುಟ್ಟಿಸುವ ಸಂಗತಿ ಬೇರೆ: ಇನ್ನೊಂದು ಭಾಷೆಯವರ ಮತವೇ ಬೇಕಿಲ್ಲದ ನಾಯಕರು ಅವರ ಕಷ್ಟವನ್ನು ಕೇಳುವ ಅಗತ್ಯವಾದರೂ ಏನಿದೆ?

ಉತ್ತರ (ಶಿರಸಿಯಿಂದ):
ನಿಮ್ಮ ಆತಂಕ ಸರಿಯಾದುದೇ. ಆದರೂ 2024ರ ಜೂನ್ ಚುನಾವಣೆಯ ನಂತರ ಫ್ಲೆಮಿಶ್ (ಫ್ಲಾಂಡರ್ಸ್‌ನ ಡಚ್ ಭಾಷಿಕರ) ರಾಷ್ಟ್ರೀಯವಾದಿ ನಾಯಕ ಬಾರ್ಟ್ ಡೆ ವೇವರ್ ಅವರೇ ಫ್ರೆಂಚ್ ಪಕ್ಷಗಳನ್ನೂ ಜೊತೆಗೂಡಿಸಿಕೊಂಡು 2025ರ ಫೆಬ್ರವರಿಯಲ್ಲಿ ಪ್ರಧಾನಿಯಾದರು.