‘ಶೇರ್ಡ್ ಲೈಬ್ರರಿ’ಗೆ ಕನ್ನಡದಲ್ಲಿ ಏನನ್ನೋಣ?

ಎಲ್ಲರಿಗೂ ನಮಸ್ಕಾರ.

ಒಂದು ಡೆಸ್ಕ್‌ಟಾಪ್ ತಂತ್ರಾಂಶದ ಸಹಾಯ ಪುಟಗಳನ್ನು ಕನ್ನಡಕ್ಕೆ ತರುತ್ತಿದ್ದೇನೆ. ‘ಶೇರ್ಡ್ ಲೈಬ್ರರಿ’ ಅನ್ನುವಲ್ಲಿ ಕೆಲಸ ನಿಂತಿದೆ. ‘ಹಂಚಿದ ಗ್ರಂಥಾಲಯ’ ಅಂತ ಬರೆದುಬಿಡುವುದು ಸುಲಭ. ಆದರೆ ಅದನ್ನು ಓದಿದವರಿಗೆ ಏನೂ ತಿಳಿಯುವುದಿಲ್ಲ. ಇನ್ನೂ ಕೆಟ್ಟದ್ದೆಂದರೆ, ಬೇರೇನೋ ತಿಳಿಯುತ್ತದೆ. ಹಾಗಾಗಿ ನಿಮ್ಮ ಸಲಹೆ ಬೇಕು.

ಮೊದಲು ವಸ್ತು ಏನು ಅಂತ ನೋಡೋಣ. ಸಾಮಾನ್ಯವಾಗಿ ಯಾವ ಪ್ರೋಗ್ರಾಂ ಕೂಡ ತನ್ನ ಎಲ್ಲ ಕೆಲಸವನ್ನೂ ತಾನೇ ಮಾಡುವುದಿಲ್ಲ. ಚಿತ್ರ ಬಿಚ್ಚಿ ತೋರಿಸುವುದು, ಜಿಪ್ ಕಡತ ತೆರೆಯುವುದು, ಜಾಲದ ಮಾತನ್ನು ಗುಟ್ಟಾಗಿ ಕಳಿಸುವುದು, ಇಂಥವಕ್ಕೆಲ್ಲ ಯಾರೋ ಒಮ್ಮೆ ಕೋಡ್ ಬರೆದು ಒಂದು ಕಡತವಾಗಿ ಕಟ್ಟಿಟ್ಟಿರುತ್ತಾರೆ. ಬೇಕಾದ ಪ್ರೋಗ್ರಾಂ ಅದನ್ನು ಕರೆದು ಕೆಲಸ ಮಾಡಿಸಿಕೊಳ್ಳುತ್ತದೆ. ಹೀಗೆ ಹಲವು ಪ್ರೋಗ್ರಾಂಗಳು ಬಳಸುವ ಕಡತವೇ ಶೇರ್ಡ್ ಲೈಬ್ರರಿ. ವಿಂಡೋಸ್‌ನಲ್ಲಿ ಈ ಕಡತದ ಹೆಸರಿನ ಕೊನೆಗೆ ಡಿಎಲ್‌ಎಲ್ ಅಂತ ಇರುತ್ತದೆ, ಲಿನಕ್ಸ್‌ನಲ್ಲಿ ಎಸ್‌ಒ, ಮ್ಯಾಕ್‌ನಲ್ಲಿ ಡೈಲಿಬ್.

ನಾವು ದಿನಾ ಕಣ್ಣಾರೆ ನೋಡುವ ಉದಾಹರಣೆಯೇ ಇದೆ. ‘ಸ್ತ್ರೀ’ ಅಂತ ಟೈಪ್ ಮಾಡಿದರೆ ಕಡತದಲ್ಲಿ ಉಳಿಯುವುದು ಸಾಲಾಗಿ ಆರು ಯೂನಿಕೋಡ್ ಸಂಕೇತಗಳು: ಸ, ಅರ್ಧಾಕ್ಷರದ ಗುರುತು (ವಿರಾಮ), ತ, ಮತ್ತೆ ಅದೇ ಗುರುತು, ರ, ಕೊನೆಗೆ ಈಕಾರದ ಗುರುತು. ಅವನ್ನು ಒತ್ತಕ್ಷರಗಳಾಗಿ ಮಡಿಸಿ, ಕೆಳಗೆ, ಪಕ್ಕಕ್ಕೆ ಕೂರಿಸುವ ಕೆಲಸವನ್ನು ಪ್ರತಿ ಪ್ರೋಗ್ರಾಮಿನವರೂ ಹೊಸದಾಗಿ ಬರೆಯುತ್ತಾ ಕೂತರೆ ಮುಗಿದೇಹೋಯಿತು. ಅದಕ್ಕೇ ಹಾರ್ಫ್‌ಬಜ್ ಎಂಬ ಲೈಬ್ರರಿ ಇದೆ. ವಿಂಡೋಸ್‌ನಲ್ಲಿ ಯುನಿಸ್ಕ್ರೈಬ್ ಎಂಬುದಿತ್ತು, ಅದರ ಕಡತ ಯುಎಸ್‌ಪಿ10 ಡಿಎಲ್‌ಎಲ್. ಲಿಬ್ರೆಆಫೀಸ್ ಎಂಬ ಕಚೇರಿ ತಂತ್ರಾಂಶ ಮೊದಲು ವಿಂಡೋಸ್‌ನಲ್ಲಿ ಯುನಿಸ್ಕ್ರೈಬನ್ನೂ ಲಿನಕ್ಸ್‌ನಲ್ಲಿ ಹಾರ್ಫ್‌ಬಜ್ಜನ್ನೂ ಬಳಸುತ್ತಿತ್ತು. 2017ರ 5.3ನೇ ಆವೃತ್ತಿಯಿಂದ ಎಲ್ಲ ಕಡೆಯೂ ಹಾರ್ಫ್‌ಬಜ್. ಒಂದೇ ಕನ್ನಡ ಪುಟ ಎರಡು ಕಂಪ್ಯೂಟರ್‌ಗಳಲ್ಲಿ ಬೇರೆ ಬೇರೆ ಥರ ಕಾಣುತ್ತಿದ್ದುದಕ್ಕೆ ಇಂಥ ವ್ಯತ್ಯಾಸಗಳೂ ಕಾರಣ. ಅಂದರೆ ಈ ಕಡತಗಳು ನಮ್ಮ ಲಿಪಿಯ ಮಟ್ಟಿಗೆ ಸಣ್ಣ ವಿಷಯವಲ್ಲ. ಅವಕ್ಕೆ ಒಂದು ಒಳ್ಳೆಯ ಕನ್ನಡ ಹೆಸರು ಬೇಕು ಅಂತ ನನಗನ್ನಿಸುವುದು ಇದಕ್ಕೇ.

ಈಗ ಪದಗಳಿಗೆ ಬರೋಣ.

‘ಹಂಚು’ ನನಗೆ ಒಪ್ಪಿಗೆಯಾಗುತ್ತಿಲ್ಲ. ಕನ್ನಡದಲ್ಲಿ ಹಂಚುವುದು ಅಂದರೆ ಭಾಗ ಮಾಡುವುದು. ಆಸ್ತಿ ಹಂಚಿದರು ಅಂದರೆ ಒಬ್ಬೊಬ್ಬರಿಗೆ ಒಂದೊಂದು ಪಾಲು ಬಂತು ಅಂತ. ಇಲ್ಲಿ ಯಾವುದೂ ಪಾಲಾಗುವುದಿಲ್ಲ. ಹತ್ತು ಪ್ರೋಗ್ರಾಂಗಳು ಒಂದೇ ಲೈಬ್ರರಿಯನ್ನು ಕರೆದರೂ ಅದರ ಕೋಡ್ ಸಾಮಾನ್ಯವಾಗಿ ಮೆಮೊರಿಯಲ್ಲಿ ಒಂದೇ ಕಡೆ ಕೂತಿರುತ್ತದೆ, ಹತ್ತಕ್ಕೂ ಪೂರ್ತಿಯಾಗಿ ಸಿಗುತ್ತದೆ. ಪ್ರತಿ ಪ್ರೋಗ್ರಾಮಿನ ಮಾಹಿತಿ ಮಾತ್ರ ಬೇರೆ ಬೇರೆ ಇರುತ್ತದೆ, ಒಂದರದ್ದು ಇನ್ನೊಂದಕ್ಕೆ ಕಾಣುವುದಿಲ್ಲ.

‘ಹಂಚಿಕೊಂಡ’ ಅಂದರೆ ಸ್ವಲ್ಪ ವಾಸಿ, ಆದರೆ ಅಲ್ಲೂ ತೊಡಕಿದೆ. ಫೋಟೋ ಹಂಚಿಕೊಳ್ಳುವುದು, ಫೋಲ್ಡರ್ ಹಂಚಿಕೊಳ್ಳುವುದು ಅಂತ ಆ ಪದ ಈಗಾಗಲೇ ಬೇರೆ ಕೆಲಸಕ್ಕೆ ನಿಂತುಬಿಟ್ಟಿದೆ. ಕೆಲವು ಪ್ರೋಗ್ರಾಂಗಳನ್ನು ತೆಗೆದುಹಾಕುವಾಗ ಒಂದು ಪ್ರಶ್ನೆ ಬರುತ್ತದೆ, ನೋಡಿರುತ್ತೀರಿ: ಇದು ಶೇರ್ಡ್ ಕಡತ, ಇದನ್ನೂ ಅಳಿಸಲೇ? ಅಲ್ಲಿ ‘ಹಂಚಿಕೊಂಡ ಕಡತ’ ಅಂತ ಬರೆದರೆ ಓದುವವರು ಏನಂದುಕೊಳ್ಳುತ್ತಾರೆ? ‘ನಾನು ಯಾರ ಜೊತೆಗೂ ಏನೂ ಹಂಚಿಕೊಂಡಿಲ್ವಲ್ಲ’ ಅಂತ ಗಾಬರಿಯಾಗಿ ‘ಹೌದು’ ಒತ್ತುತ್ತಾರೆ. ಅದೇ ಕಡತವನ್ನು ನೆಚ್ಚಿಕೊಂಡಿದ್ದ ಬೇರೆ ಪ್ರೋಗ್ರಾಂ ಮಾರನೇ ದಿನ ತೆರೆಯುವುದೇ ಇಲ್ಲ.

‘ಸಾಮಾನ್ಯ’ ಅಂದರೆ ಮಾಮೂಲಿ ಅನ್ನುವ ಅರ್ಥವೇ ಮುಂದೆ ಬರುತ್ತದೆ. ‘ಜಂಟಿ’ ಅಂದರೆ ಇಬ್ಬರು ಒಡೆಯರಿದ್ದಾರೆ ಅನ್ನಿಸುತ್ತದೆ. ನನ್ನ ಒಲವು ‘ಕೂಡುಬಳಕೆ’ ಕಡೆಗೆ. ‘ಕೂಡುಬಳಕೆಯ ಕಡತ’ ಅಂದರೆ ಒಂದೇ ಕಡತ, ಹಲವರು ಬಳಸುತ್ತಾರೆ ಅನ್ನುವುದು ನೇರವಾಗಿ ಹೊಳೆಯುತ್ತದೆ ಅಲ್ವಾ?

‘ಗ್ರಂಥಾಲಯ’ದ ವಿಷಯದಲ್ಲಿ ಜಾಸ್ತಿ ಚರ್ಚೆ ಬೇಡ ಅನ್ನಿಸುತ್ತದೆ. ವಿಂಡೋಸ್ 7ರಲ್ಲಿ ಚಿತ್ರ, ಹಾಡು, ದಾಖಲೆಗಳನ್ನು ಒಟ್ಟಿಗೆ ತೋರಿಸುವ ಸೌಲಭ್ಯಕ್ಕೂ ಲೈಬ್ರರಿ ಅಂತಲೇ ಹೆಸರಿತ್ತು. ಮ್ಯಾಕ್‌ನಲ್ಲಿ ಲೈಬ್ರರಿ ಎಂಬ ಫೋಲ್ಡರೇ ಇದೆ. ಎಲ್ಲಕ್ಕೂ ಗ್ರಂಥಾಲಯ ಅಂದರೆ ಯಾವುದು ಯಾವುದೋ ಗೊತ್ತಾಗುವುದಿಲ್ಲ. ಪ್ರೋಗ್ರಾಂ ಬರೆಯುವವರ ಬಾಯಲ್ಲಿ ‘ಲೈಬ್ರರಿ’ ಕನ್ನಡವೇ ಆಗಿಹೋಗಿದೆ, ಹಾಗೇ ಇರಲಿ.

ನಿಜವಾಗಿ ಯೋಚಿಸಬೇಕಾದ್ದು, ಪ್ರೋಗ್ರಾಮಿಗೆ ಲೈಬ್ರರಿಯನ್ನು ಜೋಡಿಸುವ ‘ಡೈನಮಿಕ್ ಲಿಂಕಿಂಗ್’ ಬಗ್ಗೆ. ಇದಕ್ಕೆ ‘ಕ್ರಿಯಾತ್ಮಕ ಕೊಂಡಿ’, ‘ಚಲನಶೀಲ ಸಂಪರ್ಕ’ ಅಂತ ಬರೆದರೆ ಅರ್ಥವೇ ತಪ್ಪುತ್ತದೆ. ಇಲ್ಲಿ ಏನೂ ಚಲಿಸುವುದಿಲ್ಲ. ಜೋಡಣೆ ಯಾವಾಗ ಆಗುತ್ತದೆ ಅನ್ನುವುದಷ್ಟೇ ಇಲ್ಲಿನ ತಿರುಳು. ಪ್ರೋಗ್ರಾಂ ಕಟ್ಟುವಾಗಲೇ ಲೈಬ್ರರಿಯ ಕೋಡನ್ನು ಒಳಗೆ ಸೇರಿಸಿಬಿಟ್ಟರೆ ಅದು ಸ್ಟ್ಯಾಟಿಕ್. ಹೆಸರನ್ನು ಮಾತ್ರ ಬರೆದಿಟ್ಟು, ಪ್ರೋಗ್ರಾಂ ಶುರುವಾದಾಗ ಅಥವಾ ನಡುವೆ ಬೇಕಾದಾಗ ಹುಡುಕಿ ಜೋಡಿಸಿಕೊಂಡರೆ ಅದು ಡೈನಮಿಕ್. ಪ್ಲಗಿನ್‌ಗಳು ಸಾಮಾನ್ಯವಾಗಿ ಈ ‘ನಡುವೆ ಬೇಕಾದಾಗ’ ಅನ್ನುವ ಜಾತಿ. ಮೇಲೆ ಹೇಳಿದ ಹಾರ್ಫ್‌ಬಜ್ಜನ್ನೇ ನೋಡಿ. ಲಿನಕ್ಸ್‌ನಲ್ಲಿ ಹಲವು ಪ್ರೋಗ್ರಾಂಗಳು ಅದನ್ನು ವ್ಯವಸ್ಥೆಯಲ್ಲಿರುವ ಒಂದೇ ಕಡತದಿಂದ ಎತ್ತಿಕೊಳ್ಳುತ್ತವೆ. ಮೊಜಿಲ್ಲಾ ಹೊರತರುವ ಫೈರ್‌ಫಾಕ್ಸ್ ಅದೇ ಕೋಡನ್ನು ತನ್ನೊಳಗೇ ಕಟ್ಟಿಕೊಂಡು ಬರುತ್ತದೆ. ಲೈಬ್ರರಿ ಒಂದೇ, ಜೋಡಣೆಯ ಹೊತ್ತು ಬೇರೆ.

ಜೋಡಣೆ ಯಾವ ಹೊತ್ತಿನಲ್ಲಿ ಆಗುತ್ತದೆ ಅನ್ನುವುದು ಬಳಸುವವರಿಗೂ ಮುಖ್ಯ. 2014ರ ಏಪ್ರಿಲ್‌ನಲ್ಲಿ ಓಪನ್‌ಎಸ್‌ಎಸ್‌ಎಲ್ ಎಂಬ, ಜಾಲದ ಮಾತನ್ನು ಗುಟ್ಟಾಗಿ ಕಳಿಸುವ ಲೈಬ್ರರಿಯಲ್ಲಿ ಹಾರ್ಟ್‌ಬ್ಲೀಡ್ ಎಂಬ ಲೋಪ ಬಯಲಾಯಿತು. ಓಡುವಾಗ ಜೋಡಿಸಿಕೊಳ್ಳುವ ಪ್ರೋಗ್ರಾಂಗಳಿಗೆ ಒಂದು ಲೈಬ್ರರಿ ಬದಲಿಸಿದರೆ ಸಾಕಿತ್ತು. ಕಟ್ಟುವಾಗಲೇ ಸೇರಿಸಿಕೊಂಡಿದ್ದವನ್ನು ಒಂದೊಂದಾಗಿ ಮತ್ತೆ ಕಟ್ಟಬೇಕಾಯಿತು. ಕಡತ ಬದಲಿಸಿದ ಮೇಲೂ, ಆಗಲೇ ಓಡುತ್ತಿದ್ದ ಪ್ರೋಗ್ರಾಂಗಳ ಮೆಮೊರಿಯಲ್ಲಿ ಹಳೆಯ ಕೋಡೇ ಉಳಿದಿರುತ್ತದೆ. ಅವನ್ನು ನಿಲ್ಲಿಸಿ ಮತ್ತೆ ಶುರುಮಾಡಿದರೇನೇ ಹೊಸದು ಜೋಡಣೆಯಾಗುವುದು. ‘ಅಪ್‌ಡೇಟ್ ಆದಮೇಲೆ ಯಾಕೆ ರೀಸ್ಟಾರ್ಟ್ ಮಾಡಬೇಕು’ ಅಂತ ಕೇಳುವವರಿಗೆ, ಡೈನಮಿಕ್ ಲಿಂಕಿಂಗ್‌ಗೆ ನಾನು ಯೋಚಿಸಿರುವ ‘ಓಡುವಾಗಿನ ಜೋಡಣೆ’ ಅನ್ನುವ ಪದವೇ ಅರ್ಧ ಉತ್ತರ ಕೊಡುತ್ತದೆ. ‘ಚಲನಶೀಲ’ ಏನೂ ಕೊಡುವುದಿಲ್ಲ. ಸ್ಟ್ಯಾಟಿಕ್ ಲಿಂಕಿಂಗ್‌ಗೆ ‘ಕಟ್ಟುವಾಗಿನ ಜೋಡಣೆ’ ಅಂದರಾಯಿತು.

ಕೊನೆಯದು ದೋಷ ಸಂದೇಶ. ‘ಎಂಎಸ್‌ವಿಸಿಪಿ140 ಡಿಎಲ್‌ಎಲ್ ಕಾಣೆಯಾಗಿದೆ’ ಅನ್ನೋಣವೇ? ಕಾಣೆಯಾಗುವುದು ಅಂದರೆ ಮೊದಲು ಇದ್ದದ್ದು ಈಗ ಇಲ್ಲ ಅಂತ. ಎಷ್ಟೋ ಸಲ ಆ ಕಡತ ಕಂಪ್ಯೂಟರಿಗೆ ಬಂದೇ ಇರುವುದಿಲ್ಲ. ಕೆಲವೊಮ್ಮೆ ಇದ್ದೂ ಸಿಗುವುದಿಲ್ಲ. 64 ಬಿಟ್ ವಿಂಡೋಸ್‌ನಲ್ಲಿ ಸಿಸ್ಟಮ್32 ಫೋಲ್ಡರಿನೊಳಗೆ 64 ಬಿಟ್ಟಿನ ಕಡತಗಳಿರುತ್ತವೆ, 32 ಬಿಟ್ಟಿನವು ಸಿಸ್‌ವಾವ್64 ಎಂಬ ಫೋಲ್ಡರಿನಲ್ಲಿ. ಹೆಸರು ತಲೆಕೆಳಗಾದಂತಿದೆ, ಆದರೆ ಇರುವುದೇ ಹಾಗೆ. 32 ಬಿಟ್ಟಿನ ಪ್ರೋಗ್ರಾಮಿಗೆ 32 ಬಿಟ್ಟಿನ ಲೈಬ್ರರಿಯೇ ಬೇಕು. 64 ಬಿಟ್ಟಿನದ್ದು ಮಾತ್ರ ಇದ್ದರೆ, 32 ಬಿಟ್ಟಿನ ಪ್ರೋಗ್ರಾಂ ಹುಡುಕಿ ಹುಡುಕಿ ಇಲ್ಲ ಅನ್ನುತ್ತದೆ. ನಾವು ನೋಡಿದರೆ ಅದೇ ಹೆಸರಿನ ಕಡತ ಎದುರಿಗೇ ಇರುತ್ತದೆ. ಹಾಗಾಗಿ ‘ಸಿಗುತ್ತಿಲ್ಲ’ ಅನ್ನುವುದೇ ಸರಿ ಅಂತ ನನ್ನ ಅಭಿಪ್ರಾಯ. ‘ಕಾಣೆಯಾಗಿದೆ’ ಅಂದರೆ ಜನ ಆ ಒಂದು ಕಡತವನ್ನೇ ಹುಡುಕಿಕೊಂಡು ಹೊರಡುತ್ತಾರೆ. ಗೊತ್ತುಗುರಿ ಇಲ್ಲದ ತಾಣದಿಂದ ಇಳಿಸಿಕೊಂಡು ಫೋಲ್ಡರಿಗೆ ಹಾಕುತ್ತಾರೆ. ಅದರೊಳಗೆ ಏನು ಬಂತು ಅಂತ ಯಾರಿಗೆ ಗೊತ್ತು? ಸರಿಯಾದ ದಾರಿ ಅಂದರೆ ಪ್ರೋಗ್ರಾಮನ್ನು ಮತ್ತೆ ಅನುಸ್ಥಾಪಿಸುವುದು, ಇಲ್ಲವೇ ಮೈಕ್ರೋಸಾಫ್ಟ್ ತಾನೇ ಕೊಡುವ, ಈ ಕಡತವೂ ಇರುವ ವಿಷುವಲ್ ಸಿ++ ಪ್ಯಾಕೇಜನ್ನು ಹಾಕಿಕೊಳ್ಳುವುದು.

ಸದ್ಯಕ್ಕೆ ಸಂದೇಶವನ್ನು ಹೀಗೆ ಬರೆದಿದ್ದೇನೆ:

‘ಈ ಪ್ರೋಗ್ರಾಂ ಶುರುವಾಗಲು ಬೇಕಾದ ಕೂಡುಬಳಕೆಯ ಲೈಬ್ರರಿ ಸಿಗುತ್ತಿಲ್ಲ. ಪ್ರೋಗ್ರಾಮನ್ನು ಮತ್ತೆ ಅನುಸ್ಥಾಪಿಸಿ ನೋಡಿ.’

‘ಕೂಡುಬಳಕೆ’ ನಿಮ್ಮ ಕಿವಿಗೆ ಹೇಗೆ ಕೇಳಿಸುತ್ತದೆ? ಅದಕ್ಕಿಂತ ಹಗುರವಾದ, ಆಡುಮಾತಿಗೆ ಹತ್ತಿರದ ಪದ ಇದ್ದರೆ ದಯವಿಟ್ಟು ತಿಳಿಸಿ. ‘ಅನುಸ್ಥಾಪಿಸಿ’ ಅನ್ನುವುದೂ ನನಗೆ ಭಾರವೇ, ಆದರೆ ಇದೇ ತಂತ್ರಾಂಶದ ಮೆನುಗಳಲ್ಲಿ ಅದು ಆಗಲೇ ಕೂತಿದೆ. ಬರೀ ಪದದ ಬದಲು ಇಡೀ ವಾಕ್ಯ ಬರೆದು ಕಳಿಸಿದರೆ ಹೆಚ್ಚು ಉಪಕಾರ. ಮೇಲಿನ ಅಳಿಸುವ ಪ್ರಶ್ನೆಯಲ್ಲೂ ಈ ಸಂದೇಶದಲ್ಲೂ ಒಂದೇ ಪದ ಹೊಂದಬೇಕು.