ಪ್ಲೇ ಥೆರಪಿ: ‘ಆಟದ ಚಿಕಿತ್ಸೆ’ಯೋ, ‘ಆಟದ ಆರೈಕೆ’ಯೋ?

ಮಾನ್ಯರೇ,

ತೀರ್ಥಹಳ್ಳಿ ಸೀಮೆಯ ಅಂಗನವಾಡಿ ಕಾರ್ಯಕರ್ತೆಯರಿಗಾಗಿ ಪ್ಲೇ ಥೆರಪಿಯನ್ನು, ಅಂದರೆ ಆಟದ ಮೂಲಕ ಮಗುವಿನ ಮನಸ್ಸಿಗೆ ಕೊಡುವ ಚಿಕಿತ್ಸೆಯನ್ನು, ಕುರಿತು ಒಂದು ಕಿರುಹೊತ್ತಗೆಯನ್ನು ಸಿದ್ಧಪಡಿಸುತ್ತಿದ್ದೇನೆ. ಮೊದಲ ಕರಡಿನಲ್ಲಿ ‘ಕ್ರೀಡಾ ಚಿಕಿತ್ಸೆ’ ಎಂದು ಬರೆದಿದ್ದೆ. ಅದನ್ನು ಓದಿದ ಕಾರ್ಯಕರ್ತೆಯೊಬ್ಬರು, ‘ಕಬಡ್ಡಿಯಲ್ಲಿ ಕಾಲು ಉಳುಕಿದವರಿಗೆ ಕೊಡುವುದಲ್ಲವೇ ಇದು?’ ಎಂದು ಕೇಳಿದರು. ಅವರು ಕೇಳಿದ್ದು ಸರಿ. ‘ಕ್ರೀಡೆ’ ಎಂದೊಡನೆ ನಮ್ಮ ಕಣ್ಣಿಗೆ ಕಟ್ಟುವುದು ಮೈದಾನ ಮತ್ತು ಬಹುಮಾನ. ‘ಆಟದ ಚಿಕಿತ್ಸೆ’ ಎಂದು ತಿದ್ದಿಕೊಂಡೆ. ನಮ್ಮ ಕಡೆ ‘ಇವತ್ತು ಆಟ ಇದೆ’ ಎಂದರೆ ಯಕ್ಷಗಾನ ಇದೆ ಎಂದರ್ಥವಾಗುವುದು ಸಣ್ಣ ತೊಡಕು. ‘ಆಟಕ್ಕುಂಟು ಲೆಕ್ಕಕ್ಕಿಲ್ಲ’ ಎಂಬ ಮಾತು ಬೇರೂರಿರುವ ನಾಡಿನಲ್ಲಿ ಮಗುವಿನ ಆಟವನ್ನೇ ಲೆಕ್ಕಕ್ಕೆ ಹಿಡಿಯುವ ಪದ್ಧತಿಯೊಂದನ್ನು ವಿವರಿಸುವುದು ಅದಕ್ಕಿಂತ ದೊಡ್ಡ ತೊಡಕು.

ಆದರೆ ಕನ್ನಡದ ‘ಆಡು’ ಧಾತುವೇ ಇಲ್ಲಿ ನೆರವಿಗೆ ಬರುತ್ತದೆಂದು ನನಗೆ ತೋರುತ್ತದೆ. ನಾವು ಆಟವನ್ನೂ ಆಡುತ್ತೇವೆ, ಮಾತನ್ನೂ ಆಡುತ್ತೇವೆ. 1920ರ ದಶಕದಲ್ಲಿ ಮನೋವಿಶ್ಲೇಷಕಿ ಮೆಲನಿ ಕ್ಲೈನ್ ಅವರು ಚಿಕಿತ್ಸೆಯಲ್ಲಿ ವಯಸ್ಕರ ಮಾತಿಗೆ ಕೊಡುತ್ತಿದ್ದ ಸ್ಥಾನವನ್ನು ಮಕ್ಕಳ ಆಟಕ್ಕೆ ಕೊಟ್ಟದ್ದೂ, 1947ರಲ್ಲಿ ಮನಶ್ಶಾಸ್ತ್ರಜ್ಞೆ ವರ್ಜೀನಿಯಾ ಆಕ್ಸ್‌ಲೈನ್ ಅವರು ಮಗು ಮುಂದೆ ನಡೆಯಬೇಕು, ಚಿಕಿತ್ಸಕರು ಅದರ ಹಿಂದೆ ಹೋಗಬೇಕು ಎಂದು ವಿಧಿಸಿದ್ದೂ, ಬಾಯಲ್ಲಿ ಆಡಲಾರದ್ದನ್ನು ಮಗು ಆಟದಲ್ಲಿ ಆಡುತ್ತದೆ ಎಂಬ ನಂಬಿಕೆಯಿಂದಲೇ. ಇಂಗ್ಲಿಷಿನವರು ಇಷ್ಟನ್ನು ಹೇಳಲು ಎರಡು ಕ್ರಿಯಾಪದಗಳನ್ನು ಬಳಸಬೇಕು.

ಇನ್ನು ಕನ್ನಡಕ್ಕೆ ತರಬೇಕಾದ ಎರಡನೆಯ ಪದ ‘ಟ್ರಾಮಾ’. ಪತ್ರಿಕೆಗಳ ‘ಆಘಾತ’ ಬಿದ್ದ ಪೆಟ್ಟನ್ನು ಹೇಳುತ್ತದೆಯೇ ಹೊರತು ಪೆಟ್ಟು ಉಳಿಸಿಹೋದದ್ದನ್ನು ಹೇಳುವುದಿಲ್ಲ. ಗ್ರೀಕಿನ ಮೂಲಪದಕ್ಕಾದರೋ ಗಾಯವೆಂದೇ ಅರ್ಥ. 2021ರ ಜನವರಿ 21ರ ರಾತ್ರಿ ಹುಣಸೋಡಿನಲ್ಲಿ ಸ್ಫೋಟವಾದಾಗ ಶಿವಮೊಗ್ಗದ ಮನೆಗಳು ಅದುರಿದ್ದು ಆಘಾತ. ಅದಾದ ಮೇಲೆ ಬಾಗಿಲು ಬಡಿದುಕೊಂಡರೂ ನಡುಗುವ ಮಗುವಿನ ಸ್ಥಿತಿಗೆ ಹೆಸರೇನು? ಮನೆಯ ಹಿರಿಯರು ‘ಮಗು ಬೆಚ್ಚಿದೆ’ ಎನ್ನುತ್ತಾರೆ, ಅಂತ್ರ (ತಾಯಿತ) ಕಟ್ಟಿಸುತ್ತಾರೆ. ಹಳಗನ್ನಡದ ‘ಬೆರ್ಚು’ ಇದು. ಗದ್ದೆಯ ಬೆದರುಬೊಂಬೆ ಬೆರ್ಚಪ್ಪನಲ್ಲಿ ಇನ್ನೂ ನಿಂತಿದೆ. ಇದರಿಂದ ನಾಮಪದವೊಂದನ್ನು ಕಟ್ಟಿದರೆ ಓದುಗರು ನಕ್ಕಾರೆಂಬ ಅಳುಕಿನಿಂದ ಸದ್ಯಕ್ಕೆ ‘ಮನಸ್ಸಿನ ಗಾಯ’ ಎಂದೇ ಬರೆದಿದ್ದೇನೆ. ಗಾಯವೆಂದರೆ ‘ಮಾಯುವುದು’ ಎಂಬ ಒಳ್ಳೆಯ ಕ್ರಿಯಾಪದವೂ ಜೊತೆಗೇ ದೊರಕುತ್ತದೆ.

ಮೂರನೆಯದು, ಬೆಚ್ಚಿದ ಮಗು ತಾನು ಕಂಡದ್ದನ್ನೇ ಮತ್ತೆ ಮತ್ತೆ ಆಡುವ ಆಟಕ್ಕೆ ಹೆಸರು, ನನಗೆ ತೀರಾ ಕಷ್ಟವಾಗಿದೆ. 2019ರ ಆಗಸ್ಟ್ ಮಳೆಯಲ್ಲಿ ಮನೆಯ ಹಿಂದಿನ ಧರೆ ಜರಿದದ್ದನ್ನು ಕಂಡಿದ್ದ ಐದು ವರ್ಷದ ಹುಡುಗಿಯೊಬ್ಬಳು, ಅಡಿಕೆ ಹಾಳೆಯನ್ನು ಮಡಚಿ ಮನೆ ಮಾಡಿ, ಒಳಗೆ ನಾಲ್ಕು ಬೆಣಚುಕಲ್ಲುಗಳನ್ನು ಕೂರಿಸಿ, ಎರಡೂ ಕೈಗಳಿಂದ ಮಣ್ಣು ನೂಕಿ ಮುಚ್ಚುತ್ತಿದ್ದಳು. ಮತ್ತೆ ಕೆದಕಿ ತೆಗೆದು ಮತ್ತೆ ಅದನ್ನೇ ಮಾಡುತ್ತಿದ್ದಳು, ಮುಖದಲ್ಲಿ ನಗುವಿರಲಿಲ್ಲ. 1976ರಲ್ಲಿ ಕ್ಯಾಲಿಫೋರ್ನಿಯಾದ ಚೌಚಿಲ್ಲಾದಲ್ಲಿ ಶಾಲಾ ಬಸ್ಸಿನಿಂದ ಅಪಹರಿಸಿ, ಕಲ್ಲುಕ್ವಾರಿಯೊಂದರಲ್ಲಿ ನೆಲದಡಿ ಕೂಡಿಹಾಕಿದ್ದ ಮಕ್ಕಳನ್ನು ಮುಂದೆ ಅಧ್ಯಯನ ಮಾಡಿದ ಮನೋವೈದ್ಯೆ ಲೆನೋರ್ ಟೆರ್ ಅವರು ವಿವರಿಸಿದ್ದು ಇಂಥ ಸುಖವಿಲ್ಲದ, ಕೊನೆ ಬದಲಾಗದ ಆಟವನ್ನೇ. ‘ಆಡಿದ್ದೇ ಆಟ’ ಎಂದು ಬರೆಯುವಂತಿಲ್ಲ, ಅದು ಹೇಳಕೇಳುವವರಿಲ್ಲದ ಸ್ವೇಚ್ಛೆಯಾಗುತ್ತದೆ. ‘ಮರುಕಳಿಸುವ ಆಟ’ ಎಂದರೆ ಜ್ವರದ ನೆನಪಾಗುತ್ತದೆ. ಅದು ಅಷ್ಟೇನೂ ತಪ್ಪಲ್ಲವೇನೋ. ಕೆಲವು ತಿಂಗಳ ಮೇಲೆ ಆ ಹುಡುಗಿ ಒಂದು ಕಲ್ಲನ್ನು ಹೊರಗಿಟ್ಟು, ‘ಇವ್ಳು ಕೊಟ್ಟಿಗೆಗೆ ಹೋಗಿದ್ಲು’ ಎಂದಳಂತೆ. ಆಟದ ಕೊನೆ ಹೀಗೆ ತಿರುಗುವುದನ್ನೇ ಬಲ್ಲವರು ಕಾಯುತ್ತಿರುತ್ತಾರೆ.

‘ಚಿಕಿತ್ಸೆ’ ಎಂಬ ಪದವನ್ನು ತರಬೇತಿ ಪಡೆದವರ ಕೆಲಸಕ್ಕೆ ಮೀಸಲಿಟ್ಟು, ಅಂಗನವಾಡಿಯಲ್ಲಿ ಮಗುವಿನ ಬಳಿ ಕುಳಿತು, ತಿದ್ದದೆ, ಪ್ರಶ್ನಿಸದೆ, ಅಗತ್ಯ ಕಂಡರೆ ಜಿಲ್ಲಾಸ್ಪತ್ರೆಯ ಮನೋವೈದ್ಯರಲ್ಲಿಗೆ ಕಳುಹಿಸುವಷ್ಟನ್ನು ‘ಆಟದ ಆರೈಕೆ’ ಎನ್ನುವುದು ನನ್ನ ಒಲವು. ಈ ಭೇದ ಕನ್ನಡದ ಕಿವಿಗೆ ಒಪ್ಪುವುದೇ? ಸಾಗರ, ಹೊಸನಗರ, ಕೊಪ್ಪದ ಕಡೆ ಬೆಚ್ಚಿದ ಮಗುವಿನ ಸ್ಥಿತಿಗೆ ನಾಮಪದವೇನಾದರೂ ಬಳಕೆಯಲ್ಲಿದ್ದರೆ, ಅದನ್ನು ಯಾರ ಬಾಯಲ್ಲಿ ಕೇಳಿದಿರೆಂಬುದರ ಸಮೇತ ತಿಳಿಸಬೇಕಾಗಿ ಕೋರುತ್ತೇನೆ.