ಸಮಸ್ಯಾಪೂರಣ: ‘ಇಲ್ಲದಿಹ ತಾರೆಯೇ ದಾರಿಯನು ತೋರಿತೈ’

ಸಂಚಾಲಕರು, ಶಿರಸಿ:
ಐದೈದು ಮಾತ್ರೆಗಳ ನಾಲ್ಕು ಗಣಗಳುಳ್ಳ ಚೌಪದಿಯ ಕೊನೆಯ ಸಾಲನ್ನು ಮೇಲೆ ಕೊಟ್ಟಿದ್ದೇನೆ. ಉಳಿದ ಮೂರು ಸಾಲುಗಳು ‘ಲ್ಲ’ಕಾರದ ಆದಿಪ್ರಾಸದಲ್ಲಿ ಬರಬೇಕು. ಧ್ರುವನನ್ನು ಮಾತ್ರ ಯಾರೂ ತರಬಾರದೆಂದು ಕೋರುತ್ತೇನೆ, ಏಕೆಂದರೆ ಈ ಸಾಲು ಹುಟ್ಟಿದ್ದೇ ಅವನಿಂದ. ನಮ್ಮ ಶಿರಸಿಯಲ್ಲಿ ಧ್ರುವ ದಿಗಂತದಿಂದ ಸುಮಾರು ಹದಿನೈದು ಡಿಗ್ರಿಯಷ್ಟೇ ಮೇಲಿರುತ್ತಾನೆ. ಅಡಿಕೆ ಮರದ ತಲೆಗಳ ನಡುವೆ ಅವನನ್ನು ಮೊಮ್ಮಗಳಿಗೆ ತೋರಿಸಹೊರಟಾಗ, ಆಕಾಶ ಸುತ್ತುವ ನಿಜವಾದ ಬಿಂದು ಅವನಿಂದ ಅರ್ಧ ಡಿಗ್ರಿಗಿಂತ ಸ್ವಲ್ಪ ಆಚೆಗಿದೆಯೆಂದೂ ಅಲ್ಲಿ ಕಣ್ಣಿಗೆ ಕಾಣುವ ಯಾವ ನಕ್ಷತ್ರವೂ ಇಲ್ಲವೆಂದೂ ಹೇಳಬೇಕಾಯಿತು. ಭೂಮಿಯ ಅಕ್ಷ ಬುಗುರಿಯಂತೆ ಓಲಾಡುತ್ತ ಸುಮಾರು 26,000 ವರ್ಷಗಳಿಗೊಂದು ಸುತ್ತು ಮುಗಿಸುವುದರಿಂದ, 4,700 ವರ್ಷಗಳ ಹಿಂದೆ ಆ ಪದವಿ ತುಬಾನ್ ಎಂಬ ಮಂಕು ನಕ್ಷತ್ರದ್ದಾಗಿತ್ತು. ಆರ್ಯಭಟನ ಕಾಲಕ್ಕೆ ಆ ಪೀಠ ಹೆಚ್ಚುಕಡಿಮೆ ಖಾಲಿಯೇ ಇತ್ತು. ಪುರಾಣದ ಬಾಲಕ ಮಾತ್ರ ಅಲ್ಲಿಂದ ಅಲುಗಲಿಲ್ಲ.

ಅಂಕೋಲೆಯಿಂದ ಒಬ್ಬ ವಿದ್ಯಾರ್ಥಿ:
ಮಾಸ್ತರರೆ, ನಾನು ‘ನೆಮೆಸಿಸ್’ ಎಂಬ ಕಲ್ಪಿತ ನಕ್ಷತ್ರವನ್ನು ಆರಿಸಿಕೊಂಡೆ. ಸುಮಾರು 2.6 ಕೋಟಿ ವರ್ಷಗಳಿಗೊಮ್ಮೆ ಭೂಮಿಯ ಜೀವಿಗಳು ಸಾಮೂಹಿಕವಾಗಿ ಅಳಿಯುತ್ತವೆ ಎಂಬ ಲೆಕ್ಕಕ್ಕೆ ಕಾರಣ ಹುಡುಕುತ್ತ, ಸೂರ್ಯನಿಗೊಬ್ಬ ಕಾಣದ ಜೊತೆಗಾರನಿದ್ದು ಅವನೇ ಧೂಮಕೇತುಗಳನ್ನು ಇತ್ತ ಕದಡಿ ಕಳಿಸುತ್ತಾನೆಂದು 1984ರಲ್ಲಿ ಕೆಲವು ವಿಜ್ಞಾನಿಗಳು ಊಹಿಸಿದರು. 2009ರಲ್ಲಿ ಹಾರಿದ ವೈಸ್ ಎಂಬ ಅವಕೆಂಪು ದೂರದರ್ಶಕ ಇಡೀ ಆಕಾಶವನ್ನು ಜಾಲಾಡಿದರೂ ಅಂಥದ್ದು ಸಿಗಲಿಲ್ಲ. ಆದರೆ ನನ್ನ ಮೊದಲ ಸಾಲು ‘ಸೂರ್ಯನಿಗೆ’ ಎಂದೇ ಆರಂಭವಾಗುತ್ತದೆ; ಪ್ರಾಸ ಕೂಡಿಸಲಾಗದೆ ಕೈಬಿಟ್ಟಿದ್ದೇನೆ.

ಕುಮಟೆಯಿಂದ:

ಎಲ್ಲಿ ಬುಧಗತಿ ತಪ್ಪಿತೆನುತರಸಿ ಗಣಿತಜ್ಞ
ಸಲ್ಲದಾ ವಲ್ಕನನ ಬಾನಿನಲಿ ಕಲ್ಪಿಸಿರೆ
ನಿಲ್ಲದಾ ಹುಸಿ ಕಳಚಿ ನವಭೌತದುದಯಕ್ಕೆ
ಇಲ್ಲದಿಹ ತಾರೆಯೇ ದಾರಿಯನು ತೋರಿತೈ

ಯುರೇನಸ್ಸಿನ ನಡೆಯ ತಪ್ಪನ್ನು ಲೆಕ್ಕ ಹಾಕಿ ನೆಪ್ಚೂನಿನ ಜಾಗವನ್ನು 1846ರಲ್ಲಿ ಸರಿಯಾಗಿ ಹೇಳಿದ ಫ್ರೆಂಚ್ ಗಣಿತಜ್ಞ ಲವೆರಿಯೇ, ಅದೇ ಉತ್ಸಾಹದಲ್ಲಿ 1859ರಲ್ಲಿ ಬುಧನ ನಡೆಯಲ್ಲಿದ್ದ ಅಲ್ಪ ವ್ಯತ್ಯಾಸಕ್ಕೂ ಒಳಗಿನ ಇನ್ನೊಂದು ಗ್ರಹವೇ ಕಾರಣವೆಂದರು. ಅದಕ್ಕೆ ವಲ್ಕನ್ ಎಂಬ ಹೆಸರೂ ಬಂತು, ಕಂಡೆವೆಂದವರೂ ಇದ್ದರು. ಶತಮಾನಕ್ಕೆ 43 ಆರ್ಕ್‌ಸೆಕೆಂಡುಗಳ (ಒಂದು ಆರ್ಕ್‌ಸೆಕೆಂಡೆಂದರೆ ಡಿಗ್ರಿಯ 3,600ರಲ್ಲೊಂದು ಪಾಲು) ಆ ವ್ಯತ್ಯಾಸವನ್ನು 1915ರಲ್ಲಿ ಐನ್‌ಸ್ಟೈನರು ಯಾವ ಗ್ರಹದ ಹಂಗೂ ಇಲ್ಲದೆ, ಗುರುತ್ವದ ಹೊಸ ಸಿದ್ಧಾಂತದಿಂದಲೇ ಪಡೆದರು.

ಹೊನ್ನಾವರದಿಂದ:
ಪದ್ಯ ಚೆನ್ನಾಗಿದೆ, ಆದರೆ ವಲ್ಕನ್ ಗ್ರಹ, ಸಮಸ್ಯೆಯಲ್ಲಿರುವುದು ತಾರೆ. ಗ್ರಹವನ್ನು ತಾರೆಯೆನ್ನುವುದು ಪ್ರಾಸದ ಅನುಕೂಲಕ್ಕಾಗಿ ಮಾಡಿದ ರಾಜಿಯಲ್ಲವೆ?

ಕುಮಟೆಯಿಂದ:
ಅಲ್ಲ. ನಮ್ಮ ಹಳೆಯ ಖಗೋಳಗಣಿತದ ಸಿದ್ಧಾಂತಗ್ರಂಥಗಳು ಸೂರ್ಯಚಂದ್ರರನ್ನು ಬಿಟ್ಟು ಬುಧಾದಿ ಐವರನ್ನು ‘ತಾರಾಗ್ರಹ’ಗಳೆಂದೇ ಕರೆಯುತ್ತವೆ.

ಕಾರವಾರದಿಂದ:

ಎಲ್ಲೆಯರಿಯದ ಕಡಲೊಳಿರುಳು ಮುಗಿಲಡಗಿಸಿರೆ
ಸೊಲ್ಲಡಗಿ ದೋಣಿಯಲಿ ಕುಳಿತಂಬಿಗರ ಕಣ್ಗೆ
ಕಲ್ಲುಗೋಪುರದ ಬೆಳಕೊಂದೆ ಚುಕ್ಕೆಯೆನಿಸಿರೆ
ಇಲ್ಲದಿಹ ತಾರೆಯೇ ದಾರಿಯನು ತೋರಿತೈ

ಇಲ್ಲಿಯ ಕಡಲಿಗೆ ಎದುರಾಗಿರುವ ದೇವಗಡ ದ್ವೀಪದ ಲೈಟ್‌ಹೌಸೇ ಈ ಪದ್ಯದ ಗೋಪುರ.

ಸಂಚಾಲಕರು, ಶಿರಸಿ:
ಚಿತ್ರ ಸೊಗಸಾಗಿದೆ, ಆದರೆ ಸಮಸ್ಯೆಯ ಮುಳ್ಳು ‘ಇಲ್ಲದಿಹ’ ಎಂಬಲ್ಲಿದೆ. ನಿಮ್ಮ ದೀಪ ತಾರೆಯಲ್ಲ ನಿಜ, ಆದರೆ ಅದು ಇದೆಯಲ್ಲ!

ಕಾರವಾರದಿಂದ:
ಮಾಸ್ತರರೆ, ಲೈಟ್‌ಹೌಸಿನ ದೀಪ ಒಂದೇ ಸಮನೆ ಉರಿಯುವುದಿಲ್ಲ. ಮಿನುಗಿಗೂ ಮಿನುಗಿಗೂ ನಡುವಿನ ಕತ್ತಲು ಎಷ್ಟು ಹೊತ್ತಿನದೆಂದು ಎಣಿಸಿಯೇ ನಾವಿಕರು ಇದು ಯಾವ ಊರಿನ ದೀಪವೆಂದು ತಿಳಿಯುತ್ತಾರೆ. ಚುಕ್ಕೆ ಇಲ್ಲದಿರುವ ಆ ಹೊತ್ತೇ ದಾರಿ ಹೇಳುತ್ತದೆ.

ಸಂಚಾಲಕರು, ಶಿರಸಿ:
ಸೋತೆ. ಈ ಮಾತು ಪದ್ಯದ ಒಳಗೇ ಬಂದಿದ್ದರೆ ಇನ್ನೂ ಸಂತೋಷವಾಗುತ್ತಿತ್ತು.

ಯಲ್ಲಾಪುರದಿಂದ:

ಮೆಲ್ಲ ಮಿನುಗುತಿಹರುಂಧತಿಯ ತೋರುವ ಮುನ್ನ
ಅಲ್ಲಿಹುದು ಕಾಣೆಂದು ಹಿರಿಯುಡುವ ತೋರಿಸುತೆ
ಅಲ್ಲವದು ಬಳಿಯದೆನೆ ಕಣ್ಣಿಟ್ಟ ನವವಧುಗೆ
ಇಲ್ಲದಿಹ ತಾರೆಯೇ ದಾರಿಯನು ತೋರಿತೈ

ಸಂಚಾಲಕರು, ಶಿರಸಿ:
ಅಕ್ಕನವರ ಈ ಪೂರಣದ ಬಳಿ ಸ್ವಲ್ಪ ಹೆಚ್ಚು ಹೊತ್ತು ನಿಲ್ಲಬೇಕು. ಸೂಕ್ಷ್ಮವಾದುದನ್ನು ತೋರಿಸಲು ಮೊದಲು ಸ್ಥೂಲವಾದುದನ್ನೇ ಅದೆಂದು ತೋರಿಸಿ, ಕಣ್ಣು ಅಲ್ಲಿ ನೆಲೆಯಾದ ಮೇಲೆ ‘ಅದಲ್ಲ’ ಎಂದು ಹಿಂತೆಗೆದುಕೊಳ್ಳುವ ಈ ಕ್ರಮಕ್ಕೆ ಸ್ಥೂಲಾರುಂಧತೀನ್ಯಾಯವೆಂಬ ಹೆಸರಿದೆ. ಶಂಕರಾಚಾರ್ಯರು ಬ್ರಹ್ಮಸೂತ್ರಭಾಷ್ಯದಲ್ಲಿ ಇದೇ ದೃಷ್ಟಾಂತವನ್ನು ಕೊಡುತ್ತಾರೆ. ಬೇರೆಯವರು ಇಲ್ಲದ ತಾರೆಯನ್ನು ಹೊರಗಿನಿಂದ ಹುಡುಕಿ ತಂದರು. ಇವರಲ್ಲಿ ತಾರೆ ಕಣ್ಣೆದುರಿಗೇ ಇದ್ದೂ, ‘ಅಲ್ಲ’ ಎಂಬ ಒಂದು ಮಾತಿನಿಂದ ಇಲ್ಲದಂತಾಗುತ್ತದೆ. ವಿಜ್ಞಾನವೂ ಆ ಬೆರಳಿನ ತುದಿಯಲ್ಲಿ ಸುಮ್ಮನೆ ಕೂತಿಲ್ಲ: ಬರಿಗಣ್ಣಿಗೆ ಒಂದಾಗಿ ಕಾಣುವ ವಸಿಷ್ಠ ನಾಲ್ಕು ನಕ್ಷತ್ರಗಳ ಕೂಟವೆಂದು ತಿಳಿದಿದೆ, ಅರುಂಧತಿಗೂ ಒಬ್ಬ ಮಂಕು ಸಂಗಾತಿ 2009ರಲ್ಲಿ ಪತ್ತೆಯಾಯಿತು. ಸುಮಾರು 80 ಜ್ಯೋತಿರ್ವರ್ಷ ದೂರದ ಆ ದಂಪತಿ ಹೀಗೆ ಆರು ಜನರ ಸಂಸಾರ.

ಸಿದ್ದಾಪುರದಿಂದ:
ಒಂದು ತಕರಾರಿದೆ. ನಮ್ಮ ಕಡೆಯ ಮದುವೆಗಳಲ್ಲಿ ಹಗಲು ಹನ್ನೆರಡರ ಉರಿಬಿಸಿಲಿಗೆ ವಧೂವರರನ್ನು ಚಪ್ಪರದ ಹೊರಗೆ ಕರೆತಂದು ಅರುಂಧತಿಯನ್ನು ತೋರಿಸುತ್ತಾರೆ, ಅವರೂ ಕಂಡೆವೆನ್ನುತ್ತಾರೆ. ಅಲ್ಲಿ ಸ್ಥೂಲವೂ ಇಲ್ಲ, ಸೂಕ್ಷ್ಮವೂ ಇಲ್ಲ.

ಯಲ್ಲಾಪುರದಿಂದ:
ಹಾಗಾದರೆ ಸಮಸ್ಯೆಗೆ ಪೂರಣವೇ ಬೇಕಾಗಿರಲಿಲ್ಲ. ನನ್ನ ಮದುವೆಯಲ್ಲಿ ನಾನು ನೋಡಿದ್ದು ಪುರೋಹಿತರ ಬೆರಳನ್ನಷ್ಟೆ.

ಸಂಚಾಲಕರು, ಶಿರಸಿ:
ಈ ವಾರದ ವೀಳ್ಯ ಯಲ್ಲಾಪುರಕ್ಕೆ ಸಲ್ಲುತ್ತದೆ. ಹಗಲಿನ ನಕ್ಷತ್ರದ ಮಾತು ಬಂದುದರಿಂದ ಮುಂದಿನ ಸಾಲನ್ನೂ ಅದಕ್ಕೆ ಹೊಂದಿಸಿಯೇ ಕೊಡುತ್ತೇನೆ, ಪ್ರಾಸ ‘ಗ’ಕಾರ: ‘ಹಗಲಿನಲಿ ಚುಕ್ಕಿಗಳು ನೇಸರನ ನುಂಗಿದವು.’